ಕೆಲಸ ಬಿಡದೆ ಶಾಸಕನಾಗಬಹುದೇ? ಸಿದ್ಧಲಿಂಗಯ್ಯನವರು ಆಗಿದ್ದರಲ್ಲ!

ಪ್ರಶ್ನೆ: ಸರ್, ನಾನು ಹಾಸನ ಜಿಲ್ಲೆಯ ಒಂದು ಅನುದಾನಿತ ಪ್ರಥಮ ದರ್ಜೆ ಕಾಲೇಜಿನಲ್ಲಿ ರಾಜ್ಯಶಾಸ್ತ್ರದ ಸಹ ಪ್ರಾಧ್ಯಾಪಕ. ವಯಸ್ಸು 51, ಸೇವೆ 22 ವರ್ಷ. ಅಧ್ಯಾಪಕರ ಸಂಘದಲ್ಲಿ ಓಡಾಡಿಕೊಂಡಿದ್ದೇನೆ. ಮುಂದಿನ ಸಲ ವಿಧಾನ ಪರಿಷತ್ತಿಗೆ ದಕ್ಷಿಣ ಶಿಕ್ಷಕರ ಕ್ಷೇತ್ರದಿಂದ ನಿಲ್ಲಿ ಎಂದು ಗೆಳೆಯರು ಒತ್ತಾಯ ಮಾಡುತ್ತಿದ್ದಾರೆ. 'ಶಿಕ್ಷಕರ ಕ್ಷೇತ್ರಕ್ಕೆ ಶಿಕ್ಷಕರೇ ನಿಲ್ಲಬೇಕು, ಹಾಗಾಗಿ ಕೆಲಸ ಬಿಡುವ ಪ್ರಶ್ನೆಯೇ ಇಲ್ಲ. ಕವಿ ಸಿದ್ಧಲಿಂಗಯ್ಯನವರು ಪ್ರೊಫೆಸರ್ ಆಗಿದ್ದುಕೊಂಡೇ ಎರಡು ಸಲ ಶಾಸಕರಾಗಿರಲಿಲ್ಲವೇ' ಎನ್ನುತ್ತಾರೆ. ನಮ್ಮ ಮನೆಯವರಿಗೆ ಮಾತ್ರ ಭಯ. ಮಗಳ ಓದು ಇನ್ನೂ ಮುಗಿದಿಲ್ಲ. ಸೋತರೆ ಕೆಲಸ ಇರುತ್ತದೆಯೇ, ಪಿಂಚಣಿ ಏನಾಗುತ್ತದೆ, ಗೆದ್ದರೂ ಮೇಷ್ಟ್ರಾಗಿ ಉಳಿಯುತ್ತೀರಾ ಎಂದು ಕೇಳುತ್ತಾರೆ. ಈ ಮೂರಕ್ಕೂ ನನ್ನ ಹತ್ತಿರ ಉತ್ತರವಿಲ್ಲ. ದಯವಿಟ್ಟು ತಿಳಿಸಿ.

ಉತ್ತರ: ಮೇಷ್ಟ್ರೇ, ನಿಮ್ಮ ಗೆಳೆಯರು ಹೇಳಿದ್ದರಲ್ಲಿ ಒಂದು ಮಾತು ಪೂರ್ತಿ ತಪ್ಪು, ಇನ್ನೊಂದು ಅರ್ಧ ನಿಜ. ಆ ಅರ್ಧ ನಿಜವೇ ಹೆಚ್ಚು ಅಪಾಯಕಾರಿ. ನಿಮ್ಮ ಮನೆಯವರು ಕೇಳಿದ ಮೂರು ಪ್ರಶ್ನೆಗಳೂ ಸರಿಯಾಗಿವೆ, ಅವನ್ನು ಕೇಳಿದ ಕ್ರಮವೂ ಸರಿಯಾಗಿದೆ. ನಾನು ಕೆಲವು ವರ್ಷ ಕಾನೂನು ಕಾಲೇಜಿನಲ್ಲಿ ಪಾಠ ಹೇಳಿ, ಆಮೇಲೆ ವಕೀಲಿಕೆಗೆ ಇಳಿದವನು. ನೌಕರರ ಸೇವಾ ವಿಷಯಗಳ ಮೊಕದ್ದಮೆಗಳೇ ನನ್ನ ಬದುಕು. ಚುನಾವಣೆಗೆ ನಿಂತು ಕೈಸುಟ್ಟುಕೊಂಡ ಅಧ್ಯಾಪಕರ ಕಡತಗಳನ್ನು ಹಿಡಿದು ನ್ಯಾಯಾಲಯಕ್ಕೆ ಹೋಗಿದ್ದೇನೆ. ಆದ್ದರಿಂದ ನಿಮ್ಮನ್ನು ಹುರಿದುಂಬಿಸುವುದಕ್ಕೂ ಹೆದರಿಸುವುದಕ್ಕೂ ಮೊದಲು ಲೆಕ್ಕ ಸರಿಮಾಡಿಕೊಡುತ್ತೇನೆ.

ಪೂರ್ತಿ ತಪ್ಪಾದ ಮಾತು ಮೊದಲು. ಶಿಕ್ಷಕರ ಕ್ಷೇತ್ರಕ್ಕೆ ಶಿಕ್ಷಕರೇ ನಿಲ್ಲಬೇಕು ಎಂಬ ನಿಯಮ ಎಲ್ಲಿಯೂ ಇಲ್ಲ. ಆ ಕ್ಷೇತ್ರದಲ್ಲಿ ಮತ ಹಾಕುವವರು ಶಿಕ್ಷಕರಾಗಿರಬೇಕು, ಅಷ್ಟೆ. ನಿಲ್ಲುವವರಿಗೆ 30 ವರ್ಷ ತುಂಬಿರಬೇಕು, ರಾಜ್ಯದ ಯಾವುದಾದರೂ ವಿಧಾನಸಭಾ ಕ್ಷೇತ್ರದ ಮತದಾರರ ಪಟ್ಟಿಯಲ್ಲಿ ಹೆಸರಿರಬೇಕು, ಅನರ್ಹತೆಗಳು ಇರಬಾರದು. ಪದವೀಧರರ ಕ್ಷೇತ್ರಕ್ಕೆ ಪದವೀಧರರೇ ಅಭ್ಯರ್ಥಿಯಾಗಬೇಕೇ ಎಂಬ ಪ್ರಶ್ನೆ ಮದ್ರಾಸಿನಿಂದ ಸುಪ್ರೀಂ ಕೋರ್ಟಿನವರೆಗೆ ಹೋಗಿತ್ತು. ಬೇಕಿಲ್ಲ, ಸಂವಿಧಾನದಲ್ಲಿ ಇಲ್ಲದ ಅರ್ಹತೆಯನ್ನು ನಾವು ಸೇರಿಸಲಾಗದು ಎಂದು ನ್ಯಾಯಾಲಯ 1972ರಲ್ಲೇ ಹೇಳಿತು. ಶಿಕ್ಷಕರ ಕ್ಷೇತ್ರಕ್ಕೂ ಅನ್ವಯಿಸುವುದು ಇದೇ ತರ್ಕ. ಹಾಗಾಗಿ 'ನಾನು ಶಿಕ್ಷಕ, ಅದಕ್ಕೇ ಕೆಲಸದಲ್ಲಿ ಇದ್ದುಕೊಂಡೇ ನಿಲ್ಲಬೇಕು' ಎಂಬ ವಾದಕ್ಕೆ ಬುಡವಿಲ್ಲ. ಎದುರಾಳಿ ಉದ್ಯಮಿಯಾಗಿರಬಹುದು, ಶಿಕ್ಷಣ ಸಂಸ್ಥೆಯ ಮಾಲೀಕನಾಗಿರಬಹುದು, ಪಕ್ಷದ ಪೂರ್ಣಾವಧಿ ಕಾರ್ಯಕರ್ತನಾಗಿರಬಹುದು. ಈ ಕ್ಷೇತ್ರಗಳು ಅಧ್ಯಾಪಕರಿಗಾಗಿ ಕಾದಿಟ್ಟ ಜಾಗವಲ್ಲ ಎಂಬುದು ಬಹಳ ಜನ ಅಧ್ಯಾಪಕರಿಗೆ ನಾಮಪತ್ರ ಹಾಕಲು ಹೋದ ದಿನವೇ ಗೊತ್ತಾಗುತ್ತದೆ.

ಈಗ ಅರ್ಧ ನಿಜದ ಮಾತಿಗೆ ಬರೋಣ. ಸಿದ್ಧಲಿಂಗಯ್ಯನವರ ಬದುಕನ್ನು ಸ್ವಲ್ಪ ವಿವರವಾಗಿಯೇ ನೋಡಬೇಕು, ಏಕೆಂದರೆ ನಿಮ್ಮ ಗೆಳೆಯರು ಅದರ ಕೊನೆಯ ಸಾಲನ್ನು ಮಾತ್ರ ಓದಿದ್ದಾರೆ.

ಅವರು ಹುಟ್ಟಿದ್ದು 1954ರಲ್ಲಿ, ಮಾಗಡಿ ತಾಲ್ಲೂಕಿನ ಮಂಚನಬೆಲೆಯಲ್ಲಿ. ಬೆಂಗಳೂರಿನ ಶ್ರೀರಾಮಪುರದ ಬಡ ಕೇರಿಯಲ್ಲಿ ಬೆಳೆದು, ಹಾಸ್ಟೆಲಿನಲ್ಲಿ ಓದಿ, ಬೆಂಗಳೂರು ವಿಶ್ವವಿದ್ಯಾಲಯದಲ್ಲಿ ಕನ್ನಡ ಕಲಿತು, ಅಲ್ಲಿಯೇ ಕನ್ನಡ ಕಲಿಸುವವರಾದರು. ಗ್ರಾಮದೇವತೆಗಳ ಮೇಲೆ ಡಾಕ್ಟರೇಟ್ ಮಾಡಿದರು. ಇದು ಪ್ರೊಫೆಸರ್ ಸಿದ್ಧಲಿಂಗಯ್ಯ. ಆದರೆ ವಿಧಾನಸೌಧಕ್ಕೆ ಅವರನ್ನು ಕರೆದೊಯ್ದದ್ದು ಈ ಪದವಿಗಳಲ್ಲ. ಎಪ್ಪತ್ತರ ದಶಕದಲ್ಲಿ ಬಿ. ಕೃಷ್ಣಪ್ಪ, ದೇವನೂರ ಮಹಾದೇವ ಮುಂತಾದವರ ಜೊತೆ ದಲಿತ ಸಂಘರ್ಷ ಸಮಿತಿಯನ್ನು ಕಟ್ಟಿದವರಲ್ಲಿ ಅವರೊಬ್ಬರು. ಊರೂರು ತಿರುಗಿ ಹಾಡಿದವರು, ಮಾತಾಡಿದವರು. ಆ ಹಾಡುಗಳು ಪುಸ್ತಕದ ಅಂಗಡಿಗೆ ಬರುವ ಮೊದಲೇ ಮೆರವಣಿಗೆಯ ಬಾಯಿಗೆ ಬಂದಿದ್ದವು. 1988ರಲ್ಲಿ ಅವರು ಪರಿಷತ್ತಿನ ಸದಸ್ಯರಾದಾಗ ವಯಸ್ಸು ಇನ್ನೂ 34. ಮೊದಲ ಅವಧಿ 1994ರವರೆಗೆ, ಎರಡನೆಯದು 1995ರಿಂದ 2001ರವರೆಗೆ.

ಎರಡೂ ಸಲ ಅವರು ಹೋದದ್ದು ನಾಮನಿರ್ದೇಶನದ ಮೂಲಕ. ನಿಮ್ಮ ಗೆಳೆಯರು ಬಿಟ್ಟ ಸಾಲು ಇದೇ. ಅವರು ಯಾವ ಶಿಕ್ಷಕರ ಕ್ಷೇತ್ರದಲ್ಲೂ ನಾಮಪತ್ರ ಹಾಕಿರಲಿಲ್ಲ, ಮತ ಕೇಳಿರಲಿಲ್ಲ. ನಮ್ಮ ಪರಿಷತ್ತಿನ 75 ಸ್ಥಾನಗಳಲ್ಲಿ 25 ಸ್ಥಳೀಯ ಸಂಸ್ಥೆಗಳಿಂದ, 25 ವಿಧಾನಸಭೆಯ ಸದಸ್ಯರಿಂದ, ತಲಾ 7 ಪದವೀಧರರು ಮತ್ತು ಶಿಕ್ಷಕರಿಂದ ತುಂಬುತ್ತವೆ. ಉಳಿದ 11 ಜನರನ್ನು ರಾಜ್ಯಪಾಲರು ನಾಮನಿರ್ದೇಶನ ಮಾಡುತ್ತಾರೆ. ಸಾಹಿತ್ಯ, ವಿಜ್ಞಾನ, ಕಲೆ, ಸಹಕಾರ ಚಳವಳಿ, ಸಮಾಜ ಸೇವೆ ಈ ಐದರಲ್ಲಿ ವಿಶೇಷ ಜ್ಞಾನ ಅಥವಾ ಅನುಭವ ಇದ್ದವರು ಎಂದು ಸಂವಿಧಾನದ 171ನೇ ವಿಧಿ ಹೇಳುತ್ತದೆ. ಶಿಕ್ಷಣ ಎಂಬ ಶಬ್ದ ಆ ಪಟ್ಟಿಯಲ್ಲಿ ಇಲ್ಲ, ಗಮನಿಸಿ. ಶಿಕ್ಷಕರಿಗೆ ಬೇರೆ ಕ್ಷೇತ್ರವನ್ನೇ ಕೊಟ್ಟಾಗಿದೆಯಲ್ಲ. ಸಿದ್ಧಲಿಂಗಯ್ಯನವರನ್ನು ಒಯ್ದದ್ದು ಸಾಹಿತ್ಯ ಮತ್ತು ಚಳವಳಿ. ಅವರ ಪ್ರೊಫೆಸರ್ ಹುದ್ದೆ ವಿಶ್ವವಿದ್ಯಾಲಯದ್ದು. ವಿಶ್ವವಿದ್ಯಾಲಯ ತನ್ನದೇ ಕಾಯ್ದೆಯಡಿ ಹುಟ್ಟಿದ ಸ್ವಾಯತ್ತ ಸಂಸ್ಥೆ, ಸರ್ಕಾರದ ಇಲಾಖೆಯಲ್ಲ. ಅನುದಾನಿತ ಕಾಲೇಜಿನ ನೀವು ಅವರನ್ನು ಉದಾಹರಣೆಯಾಗಿ ಹಿಡಿದರೆ ಎರಡು ಕಡೆ ಜಾರುತ್ತೀರಿ. ನಿಮ್ಮ ದಾರಿಯೂ ಬೇರೆ, ಹುದ್ದೆಯೂ ಬೇರೆ.

ಎಲ್ಲರ ಬಾಯಲ್ಲಿ ಓಡಾಡುವ, ಆದರೆ ಬಿಡಿಸಿ ಯಾರೂ ಹೇಳದ ಒಂದು ಶಬ್ದವಿದೆ, 'ಲಾಭದಾಯಕ ಹುದ್ದೆ'. ಕೇಂದ್ರ ಅಥವಾ ರಾಜ್ಯ ಸರ್ಕಾರದ ಅಧೀನದಲ್ಲಿ ಲಾಭದಾಯಕ ಹುದ್ದೆ ಹೊಂದಿರುವವರು ಶಾಸನಸಭೆಯ ಸದಸ್ಯರಾಗಲು ಅನರ್ಹರು ಎಂದು 191ನೇ ವಿಧಿ ಹೇಳುತ್ತದೆ. ಇಲ್ಲಿ ಬಿಗಿ ಇರುವುದು 'ಸರ್ಕಾರದ ಅಧೀನದಲ್ಲಿ' ಎಂಬ ಮಾತಿನಲ್ಲಿ. ನಿಮ್ಮನ್ನು ನೇಮಿಸುವವರು ಯಾರು, ತೆಗೆಯುವ ಅಧಿಕಾರ ಯಾರದು, ಸಂಬಳ ಯಾರ ಬೊಕ್ಕಸದಿಂದ, ನೀವು ಮಾಡುವ ಕೆಲಸ ಯಾರ ಪರವಾಗಿ, ನಿಮ್ಮ ಮೇಲೆ ಹಿಡಿತ ಯಾರದು ಎಂದು ನ್ಯಾಯಾಲಯ ಒಂದೊಂದಾಗಿ ನೋಡುತ್ತದೆ. ಸಂಬಳದ ಮೂಲ ಒಂದೇ ನಿರ್ಣಾಯಕವಲ್ಲ. 1958ರಲ್ಲಿ ಅಜ್ಮೀರದ ದರ್ಗಾಕ್ಕೆ ಸೇರಿದ ಶಾಲೆಯ ವ್ಯವಸ್ಥಾಪಕರ ಪ್ರಕರಣದಲ್ಲೂ 1985ರಲ್ಲಿ ಅಗರ್ತಲಾ ಪುರಸಭೆಯ ಲೆಕ್ಕಿಗರ ಪ್ರಕರಣದಲ್ಲೂ ಸುಪ್ರೀಂ ಕೋರ್ಟು ಈ ಅಳತೆಗೋಲಿನಿಂದಲೇ ಅಳೆದು, ಇವು ಸರ್ಕಾರದ ಅಧೀನದ ಹುದ್ದೆಗಳಲ್ಲ ಎಂದು ತೀರ್ಮಾನಿಸಿತು.

ಈ ಅಳತೆಗೋಲನ್ನು ನಿಮ್ಮ ಹುದ್ದೆಯ ಮೇಲೆ ಇಟ್ಟರೆ, ನೇಮಿಸಿದ್ದು ಆಡಳಿತ ಮಂಡಳಿ, ಶಿಸ್ತುಕ್ರಮದ ಅಧಿಕಾರ ಆಡಳಿತ ಮಂಡಳಿಯದ್ದು. ಆದರೆ ನೇಮಕಕ್ಕೆ ಇಲಾಖೆಯ ಅನುಮೋದನೆ ಬೇಕಿತ್ತು, ಸಂಬಳ ಸರ್ಕಾರದ ಅನುದಾನದಿಂದ. ಮೇಲುನೋಟಕ್ಕೆ ವಾದ ನಿಮ್ಮ ಪರವಾಗಿದೆ, ನಾನು ಒಪ್ಪುತ್ತೇನೆ. ಆದರೆ ವಾದ ನಿಮ್ಮ ಪರ ಇರುವುದಕ್ಕೂ ನೀವು ಸುರಕ್ಷಿತವಾಗಿರುವುದಕ್ಕೂ ವ್ಯತ್ಯಾಸವಿದೆ. 2021ರಲ್ಲಿ ಕೇರಳ ಹೈಕೋರ್ಟು ಅನುದಾನಿತ ಶಾಲೆಗಳ ಶಿಕ್ಷಕರು ಚುನಾವಣೆಗೆ ನಿಲ್ಲಲು ಅವಕಾಶ ಕೊಡುತ್ತಿದ್ದ ವಿನಾಯಿತಿಯನ್ನು ರದ್ದುಮಾಡಿತು. ಸರ್ಕಾರಿ ಶಿಕ್ಷಕರಿಗೆ ಇಲ್ಲದ ಸ್ವಾತಂತ್ರ್ಯ ಇವರಿಗೇಕೆ ಎಂಬುದು ಅಲ್ಲಿ ಎದ್ದ ಪ್ರಶ್ನೆ. ಆ ತೀರ್ಪು ಕರ್ನಾಟಕವನ್ನು ಕಟ್ಟಿಹಾಕುವುದಿಲ್ಲ. ಆದರೆ ನಾಳೆ ನಿಮ್ಮ ಎದುರಾಳಿಯ ವಕೀಲರು ಮೊದಲು ಬಿಚ್ಚುವ ಪುಟ ಅದೇ ಆಗಿರುತ್ತದೆ. ಗೆದ್ದ ಮೇಲೂ 45 ದಿನಗಳ ಒಳಗೆ ಹೈಕೋರ್ಟಿನಲ್ಲಿ ಚುನಾವಣಾ ತಕರಾರು ಅರ್ಜಿ ಹಾಕಬಹುದು. ಚುನಾಯಿತರಾದ ದಿನ ನೀವು ಅನರ್ಹರಾಗಿದ್ದಿರಿ ಎಂದು ಸಾಬೀತಾದರೆ ಗೆಲುವೇ ಅಸಿಂಧು.

ಅನರ್ಹತೆ ಒಂದು ವಿಷಯ, ನಡತೆ ನಿಯಮ ಇನ್ನೊಂದು. ಜನ ಇವೆರಡನ್ನೂ ಕಲಸಿಬಿಡುತ್ತಾರೆ. ನಿಮ್ಮ ಹುದ್ದೆ ಲಾಭದಾಯಕ ಹುದ್ದೆ ಅಲ್ಲವೆಂದೇ ಇಟ್ಟುಕೊಳ್ಳಿ. ಆಗ ಚುನಾವಣಾಧಿಕಾರಿ ನಾಮಪತ್ರ ಒಪ್ಪಿಕೊಳ್ಳಬಹುದು. ಆದರೆ ನಿಮ್ಮ ಸೇವಾ ನಿಯಮ ರಾಜಕೀಯದಲ್ಲಿ ಭಾಗವಹಿಸುವುದನ್ನು ನಿಷೇಧಿಸಿದ್ದರೆ ಮರುದಿನವೇ ಕಾಲೇಜಿನಿಂದ ನೋಟಿಸು ಬರಬಹುದು. ನೇರ ಸರ್ಕಾರಿ ಕಾಲೇಜಿನವರಿಗೆ ಇಲ್ಲಿ ಗೊಂದಲವೇ ಇಲ್ಲ. ಅವರು ನಾಗರಿಕ ಸೇವಾ ನಡತೆ ನಿಯಮಗಳಿಗೆ ಒಳಪಟ್ಟವರು, ಸೇವೆಯಿಂದ ಹೊರಬರದೆ ಪರಿಷತ್ತಿಗೋ ವಿಧಾನಸಭೆಗೋ ಸ್ಪರ್ಧಿಸುವಂತಿಲ್ಲ. ನಿಮ್ಮದು ಅನುದಾನಿತ ಸಂಸ್ಥೆ, ಆದ್ದರಿಂದ ಉತ್ತರ ನಿಮ್ಮ ನೇಮಕಾತಿ ಆದೇಶದಲ್ಲಿ, ಸಂಸ್ಥೆಯ ಸೇವಾ ನಿಯಮಗಳಲ್ಲಿ, ಇಲಾಖೆಯ ಸುತ್ತೋಲೆಗಳಲ್ಲಿ ಇದೆ. ಸಂಘದ ಕೊಠಡಿಯ ಮಾತಿನಲ್ಲಿ ಇಲ್ಲ.

ಹೆಸರು, ಊರು ಬಿಟ್ಟು ಒಂದು ಪ್ರಕರಣ ಹೇಳುತ್ತೇನೆ. ಸರ್ಕಾರಿ ಕಾಲೇಜಿನ ಒಬ್ಬ ಉಪನ್ಯಾಸಕರು, ಒಳ್ಳೆಯ ಮೇಷ್ಟ್ರು, ಮಕ್ಕಳ ಪ್ರೀತಿ ಗಳಿಸಿದವರು, ಪದವೀಧರರ ಕ್ಷೇತ್ರಕ್ಕೆ ನಿಲ್ಲಲು ಹೊರಟರು. ರಾಜೀನಾಮೆ ಬರೆದು ಕಚೇರಿಯ ಟಪಾಲಿಗೆ ಕೊಟ್ಟು ಸ್ವೀಕೃತಿ ಪಡೆದು, ಅದೇ ವಾರ ನಾಮಪತ್ರ ಹಾಕಿದರು. ಪರಿಶೀಲನೆಯ ದಿನ ಆಕ್ಷೇಪಣೆ ಬಂತು: ರಾಜೀನಾಮೆ ಕೊಟ್ಟಿದ್ದಾರೆ, ಆದರೆ ಅದು ಅಂಗೀಕಾರವಾದ ಆದೇಶ ಎಲ್ಲಿ? ಟಪಾಲಿನ ಮೊಹರನ್ನೇ ಅವರು ಆದೇಶ ಎಂದು ತಿಳಿದಿದ್ದರು. ನಾಮಪತ್ರ ತಿರಸ್ಕೃತವಾಯಿತು. ಅವತ್ತೇ ಓಡಿಹೋಗಿ ರಾಜೀನಾಮೆ ಹಿಂಪಡೆದಿದ್ದರೆ ಕೆಲಸವಾದರೂ ಉಳಿಯುತ್ತಿತ್ತು, ಅಂಗೀಕಾರ ಆಗುವ ಮೊದಲು ಹಿಂಪಡೆಯಲು ಅವಕಾಶವಿರುತ್ತದೆ. ಅವಮಾನದಲ್ಲಿ ಅವರು ಮನೆಯಿಂದ ಹೊರಗೇ ಬರಲಿಲ್ಲ. ಮೂರು ವಾರ ಕಳೆಯಿತು. ಅಷ್ಟರಲ್ಲಿ ಅಂಗೀಕಾರದ ಆದೇಶ ಮನೆಬಾಗಿಲಿಗೆ ಬಂತು. ಚುನಾವಣೆಯೂ ಇಲ್ಲ, ನೌಕರಿಯೂ ಇಲ್ಲ. ಹದಿನೆಂಟು ವರ್ಷದ ಸೇವೆ. ಅವರ ಪರವಾಗಿ ನಾನು ಹಾಕಿದ ಅರ್ಜಿಗಳು ನಿಲ್ಲಲಿಲ್ಲ. ನನ್ನ ವೃತ್ತಿಯಲ್ಲಿ ಈ ಸೋಲು ಇವತ್ತಿಗೂ ನನ್ನನ್ನು ಕಾಡುತ್ತದೆ. ಮೊದಲೇ ಒಂದು ಫೋನು ಮಾಡಿದ್ದರೆ ಸಾಕಿತ್ತು.

ಆದ್ದರಿಂದ ನಿಮ್ಮ ಮನೆಯವರ ಮೊದಲ ಪ್ರಶ್ನೆಗೆ, ಸೋತರೆ ಕೆಲಸ ಇರುತ್ತದೆಯೇ ಎಂಬುದಕ್ಕೆ, ನೀವು ಹೇಗೆ ಹೊರಟಿರಿ ಎಂಬುದೇ ಉತ್ತರ. ರಜೆಯ ಮೇಲೆ ನಿಂತರೆ ಇರುತ್ತದೆ. ಆದರೆ ಆ ರಜೆ, ಸಂಬಳವಿಲ್ಲದ ಅಸಾಧಾರಣ ರಜೆಯೇ ಆಗಲಿ, ಚುನಾವಣೆಗೆ ಸ್ಪರ್ಧಿಸಲೆಂದೇ ಎಂದು ನಮೂದಾಗಿ ಲಿಖಿತವಾಗಿ ಮಂಜೂರಾಗಿರಬೇಕು. ಸ್ಪರ್ಧಿಸಲು ಆಡಳಿತ ಮಂಡಳಿಯ ಅನುಮತಿ ಪತ್ರ ಕೈಯಲ್ಲಿ ಇರಬೇಕು, ಇಲಾಖೆಗೆ ಅದರ ಪ್ರತಿ ಹೋಗಿರಬೇಕು. ಕಾರ್ಯದರ್ಶಿಗಳು 'ಆಯ್ತು ಹೋಗಿ ಮೇಷ್ಟ್ರೇ, ನಾವಿದ್ದೀವಿ' ಎಂದು ಬಾಯಲ್ಲಿ ಹೇಳಿದ್ದು ಅನುಮತಿಯಲ್ಲ. ಆರು ತಿಂಗಳಲ್ಲಿ ಮಂಡಳಿಯೇ ಬದಲಾಗಬಹುದು. ಹೊಸ ಮಂಡಳಿ ಎದುರಾಳಿಯ ಕಡೆಯದ್ದೂ ಆಗಿರಬಹುದು. ಈ ದಾರಿಯಲ್ಲಿ ನೌಕರಿ ಉಳಿಯುವ ಸಾಧ್ಯತೆ ಹೆಚ್ಚು, ಗೆದ್ದ ಮೇಲೆ ಮೊಕದ್ದಮೆಯ ಅಪಾಯವೂ ಹೆಚ್ಚು.

ರಾಜೀನಾಮೆ ಕೊಟ್ಟು ನಿಂತರೆ ಅನರ್ಹತೆಯ ಭಯ ಇರುವುದಿಲ್ಲ, ಆದರೆ ವಾಪಸು ಬರುವ ಬಾಗಿಲು ಮುಚ್ಚುತ್ತದೆ. ಎರಡನೆಯ ಪ್ರಶ್ನೆಯಾದ ಪಿಂಚಣಿ ಇಲ್ಲೇ ಕೈತಪ್ಪುವುದು. ರಾಜೀನಾಮೆ ಮತ್ತು ಸ್ವಯಂ ನಿವೃತ್ತಿ ಮಾತಿನಲ್ಲಿ ಒಂದೇ ಥರ ಕೇಳಿಸುತ್ತವೆ. ಸೇವಾ ನಿಯಮದಲ್ಲಿ ಅವು ಅಜಗಜಾಂತರ. ರಾಜೀನಾಮೆ ಎಂದರೆ ಹಿಂದಿನ ಸೇವೆಯೆಲ್ಲ ಮುಟ್ಟುಗೋಲಾದಂತೆ ಎಂಬುದು ಸರ್ಕಾರಿ ಸೇವೆಯ ಸಾಮಾನ್ಯ ನಿಯಮ. ಅರ್ಹ ಸೇವೆ ಪೂರೈಸಿ, ಮುನ್ಸೂಚನೆ ಕೊಟ್ಟು ಸ್ವಯಂ ನಿವೃತ್ತಿ ಪಡೆದವರಿಗೆ ಪಿಂಚಣಿಯ ಹಕ್ಕು ಉಳಿಯುತ್ತದೆ. ನಿಮಗೆ 22 ವರ್ಷ ಸೇವೆ ಆಗಿದೆ. ಅಂದರೆ ರಾಜ್ಯ ಸರ್ಕಾರ ಹೊಸ ಪಿಂಚಣಿ ಪದ್ಧತಿಗೆ ಗೆರೆ ಎಳೆದ 2006ರ ಏಪ್ರಿಲ್ 1ಕ್ಕೆ ಮೊದಲು ಸೇರಿದವರಿರಬಹುದು. ಆದರೆ ಅನುದಾನಿತ ಸಂಸ್ಥೆಗಳಲ್ಲಿ ಕೆಲಸಕ್ಕೆ ಸೇರಿದ ದಿನಾಂಕವೇ ಬೇರೆ, ನೇಮಕಕ್ಕೆ ಅನುಮೋದನೆ ಸಿಕ್ಕ ಅಥವಾ ವೇತನಾನುದಾನಕ್ಕೆ ಒಳಪಟ್ಟ ದಿನಾಂಕವೇ ಬೇರೆ. ಎಷ್ಟೋ ಅಧ್ಯಾಪಕರ ಬದುಕು ಈ ಎರಡು ದಿನಾಂಕಗಳ ನಡುವೆ ಸಿಕ್ಕಿಕೊಂಡು ನರಳುತ್ತಿದೆ, ನಿಮಗೂ ಗೊತ್ತಿರುತ್ತದೆ. ನಿಮ್ಮ ಸೇವಾ ಪುಸ್ತಕದಲ್ಲಿ ಯಾವ ದಿನಾಂಕ ಇದೆ ಎಂದು ನೋಡುವವರೆಗೆ ನಾನಾಗಲಿ ಬೇರೆ ಯಾವ ವಕೀಲರಾಗಲಿ ನಿಮಗೆ ಖಚಿತ ಮೊತ್ತ ಹೇಳಿದರೆ ನಂಬಬೇಡಿ.

ಶಾಸಕರ ವೇತನದ ಲೆಕ್ಕವನ್ನು ಮನೆ ನಡೆಸುವ ಲೆಕ್ಕದಲ್ಲಿ ಹಿಡಿಯಬೇಡಿ ಎಂದೂ ಹೇಳಬೇಕು. 2025ರಲ್ಲಿ ಶಾಸಕರ ಮೂಲ ವೇತನವನ್ನು 40 ಸಾವಿರದಿಂದ 80 ಸಾವಿರಕ್ಕೆ ಏರಿಸಲಾಯಿತು, ಭತ್ಯೆಗಳು ಬೇರೆ. ಕಾಗದದ ಮೇಲೆ ಅದು ದೊಡ್ಡದು. ಆದರೆ ನಾಲ್ಕು ಜಿಲ್ಲೆಗಳ ಕ್ಷೇತ್ರ ನಿಮ್ಮದು, ಮೈಸೂರು, ಮಂಡ್ಯ, ಹಾಸನ, ಚಾಮರಾಜನಗರ. ಕೊಳ್ಳೇಗಾಲದ ಪ್ರೌಢಶಾಲೆಯಿಂದ ಸಕಲೇಶಪುರದ ಕಾಲೇಜಿನವರೆಗೆ ಓಡಾಟ, ಮದುವೆ, ಸಾವು, ಶಾಲೆಯ ವಾರ್ಷಿಕೋತ್ಸವ, ಸಹಾಯ ಕೇಳಿ ಬಂದವರು. ಇನ್ನೂ ಒಂದು ಸಂಗತಿ ಬಹಳ ಜನರಿಗೆ ತಿಳಿಯದು. ವಿಧಾನಸಭೆಯ ಅಭ್ಯರ್ಥಿಯ ಚುನಾವಣಾ ವೆಚ್ಚಕ್ಕೆ ಮಿತಿ ಇದೆ, ಪರಿಷತ್ತಿನ ಅಭ್ಯರ್ಥಿಗೆ ಕಾನೂನು ಅಂಥ ಮಿತಿ ಹಾಕಿಲ್ಲ. ಠೇವಣಿ 10 ಸಾವಿರ, ಪರಿಶಿಷ್ಟ ಜಾತಿ ಪಂಗಡದವರಿಗೆ ಅದರ ಅರ್ಧ. ಅಲ್ಲಿಂದ ಮುಂದೆ ಎದುರಾಳಿ ಎಷ್ಟು ಸುರಿಯುತ್ತಾನೆ ಎಂಬುದಕ್ಕೆ ಕಟ್ಟೆ ಇಲ್ಲ. ಸಾಲ ಮಾಡಿ ಈ ಚುನಾವಣೆಗೆ ಇಳಿಯಬೇಡಿ. ಮಗಳ ಓದಿಗೆ ಇಟ್ಟ ಹಣವನ್ನು ಮುಟ್ಟಬೇಡಿ. ಇದು ಕಾನೂನಿನ ಸಲಹೆಯಲ್ಲ, ಆದರೂ ಹೇಳುತ್ತೇನೆ.

ಗೆಲ್ಲುವ ಸಾಧ್ಯತೆಯ ಬಗ್ಗೆ ನೀವು ಕೇಳಿಲ್ಲ. ಕೇಳಬೇಕಿತ್ತು. ಅಧ್ಯಾಪಕರ ಸಂಘದಲ್ಲಿ ನಿಮಗೆ ಹೆಸರಿದೆ ಎಂದಿರಿ. ಶಿಕ್ಷಕರ ಕ್ಷೇತ್ರದಲ್ಲಿ ಪ್ರೌಢಶಾಲೆ ಮತ್ತು ಅದಕ್ಕಿಂತ ಮೇಲಿನ ಸಂಸ್ಥೆಗಳ ಶಿಕ್ಷಕರಿಗೆಲ್ಲ ಮತವಿದೆ, ಪ್ರಾಥಮಿಕ ಶಾಲೆಯವರಿಗೆ ಇಲ್ಲ. ಅಂದರೆ ಪದವಿ ಕಾಲೇಜಿನವರು ಆ ಪಟ್ಟಿಯ ಒಂದು ಮೂಲೆ. ಕಾಲ್ಪನಿಕ ವೇತನ (ಅನುದಾನಕ್ಕೆ ಮೊದಲಿನ ಸೇವೆಯನ್ನೂ ಲೆಕ್ಕ ಹಿಡಿದು ನಿಗದಿ ಮಾಡುವ ವೇತನ), ಹಳೆ ಪಿಂಚಣಿ, ಅನುದಾನಿತ ಶಾಲೆಗಳ ಖಾಲಿ ಹುದ್ದೆ ಎಂದು ಪ್ರೌಢಶಾಲೆಯ ಮೇಷ್ಟ್ರು ಮಾತಾಡುವಾಗ ನಿಮಗೆ ಅದರ ಒಳಹೊರಗು ಗೊತ್ತಿರಬೇಕು. ಬಸವರಾಜ ಹೊರಟ್ಟಿಯವರು ಹುಬ್ಬಳ್ಳಿಯಲ್ಲಿ ದೈಹಿಕ ಶಿಕ್ಷಣದ ಶಿಕ್ಷಕರಾಗಿದ್ದವರು. 1980ರಲ್ಲಿ ಪಶ್ಚಿಮ ಶಿಕ್ಷಕರ ಕ್ಷೇತ್ರದಿಂದ ಮೊದಲ ಸಲ ಗೆದ್ದು, 2022ರಲ್ಲಿ ಎಂಟನೆಯ ಸಲ ಗೆದ್ದರು. ಅವರ ರಾಜಕೀಯವನ್ನು ಒಪ್ಪುವುದು ಬಿಡುವುದು ಬೇರೆ ಮಾತು. ಪಕ್ಷ ಬದಲಾದರೂ ಮತ ಬದಲಾಗಲಿಲ್ಲ ಎಂದರೆ ಶಿಕ್ಷಕರ ಕಡತ ಹಿಡಿದು ಕಚೇರಿಯಿಂದ ಕಚೇರಿಗೆ ಅಲೆದ ನಂಟು ಎಷ್ಟು ಗಟ್ಟಿ ಎಂದು ಲೆಕ್ಕ ಹಾಕಿ.

ಮತದಾನದ ಕ್ರಮವೂ ಬೇರೆ. ಇಲ್ಲಿ ಚಿಹ್ನೆಗೆ ಗುಂಡಿ ಒತ್ತುವುದಿಲ್ಲ, ಮತಪತ್ರದ ಮೇಲೆ ಪ್ರಾಶಸ್ತ್ಯದ ಅಂಕಿ ಬರೆಯುತ್ತಾರೆ. ಸಿಂಧು ಮತಗಳ ಅರ್ಧಕ್ಕಿಂತ ಒಂದು ಹೆಚ್ಚು ಸಿಕ್ಕವರು ಗೆಲ್ಲುತ್ತಾರೆ. ಮೊದಲ ಸುತ್ತಿನಲ್ಲಿ ಯಾರೂ ಆ ಗೆರೆ ಮುಟ್ಟದಿದ್ದರೆ ಕಡಿಮೆ ಮತ ಪಡೆದವರನ್ನು ಒಬ್ಬೊಬ್ಬರಾಗಿ ಹೊರಗಿಟ್ಟು, ಅವರ ಮತಪತ್ರಗಳ ಮುಂದಿನ ಪ್ರಾಶಸ್ತ್ಯವನ್ನು ಹಂಚುತ್ತಾ ಹೋಗುತ್ತಾರೆ. ನಿಮ್ಮ ಎದುರಾಳಿಯ ಬೆಂಬಲಿಗನೂ ನಿಮಗೆ 2 ಎಂದು ಬರೆಯುವಷ್ಟು ಸೌಜನ್ಯದಿಂದ ನೀವು ಪ್ರಚಾರ ಮಾಡಬೇಕಾಗುತ್ತದೆ. ಒಳ್ಳೆಯ ಮೇಷ್ಟ್ರಿಗೆ ಇದು ಒಗ್ಗುವ ಪದ್ಧತಿ ಎಂದೇ ನನ್ನ ಭಾವನೆ.

ಈಗ ಮೂರನೆಯ ಪ್ರಶ್ನೆ. ಗೆದ್ದರೂ ಮೇಷ್ಟ್ರಾಗಿ ಉಳಿಯುತ್ತೀರಾ? ನಿಮ್ಮ ಮನೆಯವರ ಈ ಪ್ರಶ್ನೆ ನನ್ನ ಮನಸ್ಸಿಗೆ ತಾಕಿತು.

ಇಲ್ಲಿ ಪ್ರೊಫೆಸರ್ ಎಂ.ಡಿ. ನಂಜುಂಡಸ್ವಾಮಿಯವರನ್ನು ನೆನೆಯದೆ ಮುಂದೆ ಹೋಗಲಾರೆ. ಕಾನೂನು ಪಾಠ ಹೇಳುತ್ತಿದ್ದವರು, ಹಸಿರು ಶಾಲು ಹೊದ್ದು ರೈತ ಸಂಘ ಕಟ್ಟಿದರು. 1980ರ ಜುಲೈ 21ರಂದು ನರಗುಂದ ನವಲಗುಂದದಲ್ಲಿ ರೈತರ ಮೇಲೆ ಗೋಲಿಬಾರ್ ಆದಮೇಲೆ ಎದ್ದ ಕಿಚ್ಚು ಅದು. 1989ರ ಚುನಾವಣೆಯಲ್ಲಿ ರೈತ ಸಂಘದ ಬಾಬಾಗೌಡ ಪಾಟೀಲರು ಕಿತ್ತೂರು ಮತ್ತು ಧಾರವಾಡ ಗ್ರಾಮಾಂತರ ಎರಡರಲ್ಲೂ ಗೆದ್ದು, ಧಾರವಾಡ ಗ್ರಾಮಾಂತರವನ್ನು ಬಿಟ್ಟುಕೊಟ್ಟರು. ಅಲ್ಲಿನ ಉಪಚುನಾವಣೆಯಲ್ಲಿ ನಂಜುಂಡಸ್ವಾಮಿಯವರನ್ನು ಜನ ಆರಿಸಿ ಕಳಿಸಿದರು. ಮೈಸೂರು ಸೀಮೆಯ ಪ್ರೊಫೆಸರನ್ನು ಧಾರವಾಡದ ರೈತ ತನ್ನವನೆಂದುಕೊಂಡ. 'ಪ್ರೊಫೆಸರ್' ಎಂಬುದು ಕೊನೆಯವರೆಗೂ ಅವರ ಹೆಸರೇ ಆಗಿ ಉಳಿಯಿತು. 2004ರಲ್ಲಿ ಅವರು ತೀರಿಕೊಂಡಾಗಲೂ ಹಳ್ಳಿಗಳಲ್ಲಿ ಜನ ಅತ್ತದ್ದು ಪ್ರೊಫೆಸರಿಗಾಗಿ, ಮಾಜಿ ಶಾಸಕರಿಗಾಗಿ ಅಲ್ಲ. ಸದನದ ಹೊರಗೆ, ಕೃಷಿಯನ್ನು ಜಾಗತಿಕ ವ್ಯಾಪಾರ ಒಪ್ಪಂದಕ್ಕೆ ಒಳಪಡಿಸುವ ಡಂಕೆಲ್ ಪ್ರಸ್ತಾವವನ್ನು ರೈತನಿಗೆ ಅರ್ಥವಾಗುವ ಕನ್ನಡದಲ್ಲಿ ಬಿಡಿಸಿ ಹೇಳಿದ್ದೇ ಅವರ ದೊಡ್ಡ ತರಗತಿ. ಆ ತರಗತಿ ನಡೆಸಲು ಅವರಿಗೆ ಸದನ ಬೇಕೇ ಬೇಕಿತ್ತೆ? ಇಲ್ಲವೆಂದೇ ನನಗನಿಸುತ್ತದೆ.

ಸಿದ್ಧಲಿಂಗಯ್ಯನವರ ಹಾದಿ ಬೇರೆ. ಸದನದೊಳಗೆ ಅವರು ಆಡಿದ ಮಾತುಗಳು ಎರಡು ಸಂಪುಟಗಳಾಗಿ ಅಚ್ಚಾಗಿವೆ. ಕೇರಿಯ ಬದುಕನ್ನು ಅಂಕಿಅಂಶಕ್ಕೆ ಇಳಿಸದೆ, ಕತೆ ಹೇಳುವ ದನಿಯಲ್ಲಿ, ನಗಿಸುತ್ತಲೇ ಸರ್ಕಾರಕ್ಕೆ ಚುಚ್ಚುತ್ತಾ ಮಾತಾಡುವ ಒಂದು ರೀತಿಯನ್ನು ಅವರು ಆ ಮನೆಗೆ ತಂದರು. ಅದಕ್ಕೆ ಬೆಲೆಯನ್ನೂ ತೆತ್ತರು. ಚಳವಳಿಯ ಒಡನಾಡಿಗಳಲ್ಲಿ ಹಲವರು ಅವರು ಅಧಿಕಾರಕ್ಕೆ ಹತ್ತಿರವಾದರು ಎಂದು ದೂರಿದರು. ಆ ದೂರು ಕೊನೆಯವರೆಗೂ ಅವರ ಬೆನ್ನು ಬಿಡಲಿಲ್ಲ. ಆದರೆ ಪಾಠ ಬಿಡಲಿಲ್ಲ, ಪದ್ಯ ಬಿಡಲಿಲ್ಲ. ಶಾಸಕತ್ವ ಮುಗಿದ ಮೇಲೆ ಕನ್ನಡ ಅಭಿವೃದ್ಧಿ ಪ್ರಾಧಿಕಾರದ ಅಧ್ಯಕ್ಷರಾದರು. 2015ರಲ್ಲಿ ಶ್ರವಣಬೆಳಗೊಳದ ಸಾಹಿತ್ಯ ಸಮ್ಮೇಳನದ ಅಧ್ಯಕ್ಷತೆ ಅವರದು, ನಿಮ್ಮ ಜಿಲ್ಲೆಯೇ, ನೀವೂ ಹೋಗಿದ್ದಿರಬಹುದು. 2021ರ ಜೂನಿನಲ್ಲಿ ಕೋವಿಡ್ ಅವರನ್ನು ಒಯ್ದಿತು. ಅವರನ್ನು ನೆನೆಯುವಾಗ ಮಾಜಿ ಎಂಎಲ್‌ಸಿ ಎಂದು ಶುರುಮಾಡುವವರನ್ನು ನಾನು ಕಂಡಿಲ್ಲ.

ಮಂತ್ರಿಯಾಗುವವರೆಗೂ ಹೋದ ಪ್ರೊಫೆಸರುಗಳೂ ಇದ್ದಾರೆ. ಬೆಂಗಳೂರಿನ ಐಐಎಂನಲ್ಲಿದ್ದ ಪ್ರೊ. ಬಿ.ಕೆ. ಚಂದ್ರಶೇಖರ್ ಎಸ್.ಎಂ. ಕೃಷ್ಣ ಸಂಪುಟದಲ್ಲಿದ್ದು, ಆಮೇಲೆ ಪರಿಷತ್ತಿನ ಸಭಾಪತಿಯಾದರು. ಕೃಷಿ ವಿಶ್ವವಿದ್ಯಾಲಯದ ಸಮಾಜಶಾಸ್ತ್ರಜ್ಞ ಪ್ರೊ. ಮುಮ್ತಾಜ್ ಅಲಿ ಖಾನ್ 2008ರಲ್ಲಿ ಯಡಿಯೂರಪ್ಪನವರ ಸಂಪುಟ ಸೇರಿದರು.

ಮೇಷ್ಟ್ರುತನಕ್ಕೆ ನಿಜವಾದ ಒತ್ತಡ ಬರುವುದು, ಹೀಗೇ ಮತ ಹಾಕಿ ಎಂದು ಪಕ್ಷ ಕೊಡುವ ಆಜ್ಞೆಯಾದ ವಿಪ್‌ನಿಂದ. ತರಗತಿಯಲ್ಲಿ ನೀವು ಒಂದು ಮಸೂದೆಯ ಎರಡೂ ಮುಖ ಹೇಳಿ ಕೊನೆಗೆ ನಿಮ್ಮ ಅಭಿಪ್ರಾಯ ಹೇಳುತ್ತೀರಿ. ಸದನದಲ್ಲಿ ಪಕ್ಷದ ಟಿಕೆಟ್ಟಿನ ಮೇಲೆ ಗೆದ್ದಿದ್ದರೆ, ವಿಪ್ ಮೀರಿ ಮತ ಹಾಕಿದರೆ ಪಕ್ಷಾಂತರ ತಡೆಯುವ, ಸಂವಿಧಾನದ ಹತ್ತನೇ ಅನುಸೂಚಿಯ ಪ್ರಕಾರ ಸದಸ್ಯತ್ವಕ್ಕೇ ಕುತ್ತು. ನೀವು ಇಪ್ಪತ್ತು ವರ್ಷ ವಿರೋಧಿಸಿದ ನೀತಿಗೇ ಕೈ ಎತ್ತಬೇಕಾದ ದಿನ ಬರಬಹುದು. ಪಕ್ಷೇತರರಾಗಿ ಗೆದ್ದರೆ ಆ ಹಂಗಿಲ್ಲ, ಆದರೆ ಆಮೇಲೆ ಯಾವ ಪಕ್ಷ ಸೇರಿದರೂ ಸದಸ್ಯತ್ವ ಹೋಗುತ್ತದೆ. ನಾಮನಿರ್ದೇಶಿತರಿಗೆ ಮಾತ್ರ ಪಕ್ಷ ಸೇರಲು ಮೊದಲ ಆರು ತಿಂಗಳ ಅವಕಾಶ. ಟಿಕೆಟ್ ಕೊಡುತ್ತೇವೆ ಎಂದು ಬಂದವರ ಮುಂದೆ ಈ ಮಾತನ್ನು ಮೊದಲ ದಿನವೇ ತೆಗೆಯಿರಿ.

ಪರಿಷತ್ತಿನ ಅಧಿಕಾರದ ಅಳತೆಯೂ ತಿಳಿದಿರಲಿ. ಹಣಕಾಸು ಮಸೂದೆಯನ್ನು ಅದು 14 ದಿನ ಇಟ್ಟುಕೊಳ್ಳಬಹುದು, ತಡೆಯಲಾಗದು. ಬೇರೆ ಮಸೂದೆಗಳಿಗೂ ಮೊದಲ ಸಲ ಮೂರು ತಿಂಗಳು, ಎರಡನೆಯ ಸಲ ಒಂದು ತಿಂಗಳು ತಡ ಮಾಡಬಹುದು, ಅಷ್ಟೆ. ಹಾಗಾದರೆ ಅಲ್ಲಿ ಏನು ಮಾಡಲು ಸಾಧ್ಯ? ಚುಕ್ಕೆ ಗುರುತಿನ ಒಂದು ಪ್ರಶ್ನೆಯನ್ನು ಸರಿಯಾಗಿ ಬರೆಯಲು ಬಂದರೆ, ಇಲಾಖೆ ವರ್ಷಗಟ್ಟಲೆ ಮುಚ್ಚಿಟ್ಟ ಖಾಲಿ ಹುದ್ದೆಗಳ ಪಟ್ಟಿ ಸದನದ ಮೇಜಿನ ಮೇಲೆ ಬರುತ್ತದೆ. ಮಂತ್ರಿ ಎದ್ದು ನಿಂತು ಉತ್ತರಿಸಬೇಕು, ಉಪಪ್ರಶ್ನೆಗೆ ಸಿದ್ಧವಾಗಿರಬೇಕು. ಸದನದಲ್ಲಿ ಕೊಟ್ಟ ಇಂಥ ಲಿಖಿತ ಉತ್ತರವೊಂದನ್ನು ಹಿಡಿದು ನಾನೇ ಹೈಕೋರ್ಟಿನಲ್ಲಿ ಅಧ್ಯಾಪಕರ ಪರವಾಗಿ ವಾದಿಸಿ ಗೆದ್ದಿದ್ದೇನೆ. ಆ ಪ್ರಶ್ನೆ ಕೇಳಿದ ಸದಸ್ಯರ ಹೆಸರು ಯಾವ ಪತ್ರಿಕೆಯಲ್ಲೂ ಬರಲಿಲ್ಲ. ಪ್ರಶ್ನೆಪತ್ರಿಕೆ ತೆಗೆದು ಪಳಗಿದ ಕೈ ನಿಮ್ಮದು, ಇಂಥ ಪ್ರಶ್ನೆ ನೀವು ಚೆನ್ನಾಗಿ ಬರೆಯಬಲ್ಲಿರಿ ಎಂದು ನಂಬುತ್ತೇನೆ.

ನೀವು ನಿಲ್ಲಬೇಕೇ ಬೇಡವೇ ಎಂದು ನಾನು ಹೇಳುವುದಿಲ್ಲ. ನನ್ನ ಒಲವು ಕೇಳಿದರೆ, ನಿಮ್ಮ ಪರಿಸ್ಥಿತಿಯಲ್ಲಿ ಲಿಖಿತ ಅನುಮತಿ ಮತ್ತು ರಜೆ ಸಿಗದಿದ್ದರೆ ಈ ಸಲ ನಿಲ್ಲಬೇಡಿ ಎನ್ನುತ್ತೇನೆ. ಮಗಳ ಓದು ಮುಗಿಯಲಿ, ಸ್ವಯಂ ನಿವೃತ್ತಿಯ ಅರ್ಹತೆ ಖಚಿತವಾಗಲಿ, ಆರು ವರ್ಷಕ್ಕೊಮ್ಮೆ ಕ್ಷೇತ್ರ ಮತ್ತೆ ತೆರೆಯುತ್ತದೆ. ಆಗ ನಿಮಗೆ 57 ದಾಟಿರುತ್ತದೆ, ನಿವೃತ್ತಿಯೂ ದೂರವಿರುವುದಿಲ್ಲ. ನಡುವಿನ ವರ್ಷಗಳಲ್ಲಿ ಪ್ರೌಢಶಾಲೆಯ ಶಿಕ್ಷಕರ ಜೊತೆ ಓಡಾಡಿ.

ಸದ್ಯಕ್ಕೆ ಮಾಡಬೇಕಾದ್ದು ಇಷ್ಟು. ನೇಮಕಾತಿ ಆದೇಶ, ಅನುಮೋದನೆಯ ಆದೇಶ, ಸೇವಾ ಪುಸ್ತಕದ ದೃಢೀಕೃತ ನಕಲು ಈ ಮೂರನ್ನು ಪ್ರಾಂಶುಪಾಲರಿಗೆ ಲಿಖಿತ ಮನವಿ ಕೊಟ್ಟು ಪಡೆಯಿರಿ. ಸಂಸ್ಥೆಯ ಸೇವಾ ನಿಯಮಗಳ ಪ್ರತಿಯನ್ನೂ ಕೇಳಿ. ಶಿಕ್ಷಕರ ಕ್ಷೇತ್ರದ ಮತದಾರರ ಪಟ್ಟಿಯನ್ನು ಪ್ರತಿ ಚುನಾವಣೆಗೂ ಹೊಸದಾಗಿ ಮಾಡುತ್ತಾರೆ. ಹಳೆಯ ಪಟ್ಟಿಯಲ್ಲಿ ಹೆಸರಿತ್ತು ಎಂದು ಸುಮ್ಮನಿರುವಂತಿಲ್ಲ. ಅರ್ಹತಾ ದಿನಾಂಕ ನವೆಂಬರ್ 1. ಅದರ ಹಿಂದಿನ ಆರು ವರ್ಷಗಳಲ್ಲಿ ಒಟ್ಟು ಮೂರು ವರ್ಷವಾದರೂ ಪಾಠ ಮಾಡಿರಬೇಕು. ಅರ್ಜಿ ನಮೂನೆ 19. ನೀವು ನಿಂತರೂ ಸರಿ, ಬಿಟ್ಟರೂ ಸರಿ, ನಿಮ್ಮ ಕಾಲೇಜಿನ ಎಲ್ಲರಿಂದಲೂ ಅದನ್ನು ತುಂಬಿಸಿ ಕೊಡಿಸಿ. ಆಮೇಲೆ ಆ ಮೂರು ಕಾಗದಗಳನ್ನು ಮನೆಯವರ ಮುಂದೆ ಹರಡಿಕೊಂಡು, ಇಬ್ಬರೂ ಕೂತು ಓದಿ.